ಹನ್ನೆರಡನೆಯ ದಿನದ ನೀರು

"ಹಿತ್ತಲಲ್ಲಿ ಯಾರೋ ಮುದುಕಿ ಬಂದು ಕೂತಿದಾಳೆ. ಹೆಸರು ಮುನಿವೆಂಕಟಮ್ಮ ಅಂದಳು," ಎಂದು ವಾರಿಜಾ ಬಚ್ಚಲುಮನೆಯ ಬಾಗಿಲಲ್ಲಿ ನಿಂತು ಹೇಳಿದಾಗ ವೆಂಕಟಾಚಲನ ಒಂದು ಕೆನ್ನೆಯ ಮೇಲೆ ಇನ್ನೂ ಸೋಪಿನ ನೊರೆಯಿತ್ತು. "ಅದು ನಿಮ್ಮ ಕಂಪನೀಲಿ ಬೈಗುಳ ಅಲ್ವಾ? ಆ ಹೆಸರಿನೋಳು ನಿಜವಾಗ್ಲೂ ಒಬ್ಬಳಿದಾಳೆ ಅಂತ ನಂಗೆ ಗೊತ್ತೇ ಇರ್ಲಿಲ್ಲ." ಅವಳು ನಗುತ್ತಿದ್ದಳು. ಮದುವೆಯಾದಾಗಿನಿಂದ ಊಟದ ಹೊತ್ತಿನಲ್ಲಿ ಗಂಡನ ಬಾಯಿಂದ ಕೇಳಿದ ಹೆಸರೊಂದು ಸೀರೆಯುಟ್ಟು ಹಿತ್ತಲಿಗೆ ಬಂದು ಕೂತರೆ ಯಾರಿಗಾದರೂ ನಗು ಬರುವುದೇ. ವೆಂಕಟಾಚಲ ಕನ್ನಡಿಯಿಂದ ಕಣ್ಣು ತೆಗೆಯಲಿಲ್ಲ. "ಬರ್ತೀನಿ ಅನ್ನು," ಎಂದ. ಗದ್ದದ ಕೆಳಗೆ ಎಲ್ಲಿ ಕೊಯ್ದುಕೊಂಡನೋ, ನೊರೆಯಲ್ಲಿ ಕೆಂಪು ಇಳಿಯಿತು. ನೋವು ಆಮೇಲೆ ಬಂತು.

ಅವತ್ತು ಅವನಿಗೆ ಮರ್ಯಾದೆಯ ದಿನ. ಜಯನಗರದ ನಾಲ್ಕನೇ ಬ್ಲಾಕಿನಲ್ಲಿ ಕಂಪನಿ ಸ್ವಂತ ಕಟ್ಟಡ ಕಟ್ಟಿಸುತ್ತಿತ್ತು. ನಿನ್ನೆ ಹೊತ್ತು ಮುಳುಗುವ ತನಕ ಕೊನೆಯ ಸ್ಲ್ಯಾಬಿಗೆ ಕಾಂಕ್ರೀಟು ಹಾಕಿ ಮುಗಿಸಿದ್ದರು. ಇವತ್ತು ಒಂಬತ್ತಕ್ಕೆ ಅದಕ್ಕೆ ಮೊದಲ ಕೊಡ ನೀರು. ಇದು ಗಂಗಾಧರಯ್ಯನವರ ಕಂಪನಿಯೊಳಗೇ ಹುಟ್ಟಿದ ಶಾಸ್ತ್ರ: ಕಾಂಕ್ರೀಟು ಹಾಕಿದ ಮಾರನೆಯ ಬೆಳಿಗ್ಗೆ ಸ್ಲ್ಯಾಬಿನ ಸುತ್ತ ಮಣ್ಣಿನ ಸಣ್ಣ ಬದು ಕಟ್ಟಿ, ಅಲ್ಲಿದ್ದವರಲ್ಲಿ ಹಿರಿಯನೊಬ್ಬ ಒಂದು ಕೊಡ ಸುರಿಯಬೇಕು, ಅಲ್ಲಿಂದಾಚೆ ಇಪ್ಪತ್ತೊಂದು ದಿನ ಅದು ಒಣಗದ ಹಾಗೆ ನೋಡಿಕೊಳ್ಳಬೇಕು. ಬಾಡಿಗೆಯ ಒಂದು ಮಿಕ್ಸರ್, ಎರಡು ಎತ್ತಿನ ಗಾಡಿ ಇಟ್ಟುಕೊಂಡು ಮೋರಿ ಕಟ್ಟುತ್ತಿದ್ದ ಗಂಗಾಧರಯ್ಯನವರು ಈಗ ಮೂರು ಅಣೆಕಟ್ಟು, ಹದಿನೇಳು ಸೇತುವೆಗಳ ಗಂಗಾಧರಯ್ಯನವರಾಗಿದ್ದರು. ಅವರ ಕಾಂಕ್ರೀಟಿಗೆ ಸುತ್ತಿಗೆ ಹಾಕಿದರೆ ಸುತ್ತಿಗೆಯೇ ಹಿಂದಕ್ಕೆ ಹಾರುತ್ತದೆ ಎಂದು ಬೇರೆ ಕಂಟ್ರಾಕ್ಟರುಗಳೂ ಒಪ್ಪಿಕೊಳ್ಳುತ್ತಿದ್ದರು. "ಈ ಸಲ ಮೊದಲ್ನೇ ಕೊಡ ನಿನ್ನ ಕೈಯಿಂದ್ಲೇ ಆಗ್ಲಯ್ಯ," ಎಂದಿದ್ದರು ಅವರು, ತಮ್ಮ ಚೀಫ್ ಇಂಜಿನಿಯರ್ ವೆಂಕಟಾಚಲನ ಹೆಗಲ ಮೇಲೆ ಕೈಯಿಟ್ಟು. ಎಂಟೂವರೆಗೆ ಕಾರು ಬರುವುದಿತ್ತು. ಇಸ್ತ್ರಿಯಾದ ಬಿಳಿ ಷರಟು ಕುರ್ಚಿಯ ಬೆನ್ನ ಮೇಲೆ ಕಾದಿತ್ತು.

ನೀರು ತಪ್ಪಬಾರದು ಎಂಬುದಕ್ಕೆ ಕಂಪನಿಯಲ್ಲಿ ಒಂದು ಕಥೆಯೂ ಇತ್ತು. ಹೊಸದಾಗಿ ಸೇರಿದ ಇಂಜಿನಿಯರುಗಳಿಗೆ ಮೊದಲ ದಿನವೇ ಅದನ್ನು ಹೇಳುತ್ತಿದ್ದವನು ವೆಂಕಟಾಚಲನೇ. ವಸಂತಪುರದ ಆಚೆ ಹಳ್ಳಕ್ಕೊಂದು ಸೇತುವೆ ಕಟ್ಟುತ್ತಿದ್ದಾಗ ಅದಕ್ಕೆ ನೀರು ಹಾಕಲು ಮುನಿವೆಂಕಟಮ್ಮ ಎಂಬುವಳಿದ್ದಳು. ಇಪ್ಪತ್ತೊಂದು ದಿನದಲ್ಲಿ ಒಂದೇ ಒಂದು ದಿನ, ಹನ್ನೆರಡನೆಯ ದಿನ, ಮಗಳ ಹೆರಿಗೆಯೆಂದು ಕೆಲಸ ಬಿಟ್ಟು ಓಡಿದಳು. ಬಿಸಿಲಿಗೆ ಕಾಂಕ್ರೀಟು ಒಳಗೊಳಗೇ ಸೀಳಿತು. ಅಡಿಗೆ ಆನಿಸಿದ್ದ ಸರ್ವೆ ಕಂಬಗಳನ್ನು ಬಿಚ್ಚಿದ ದಿನ ಸ್ಲ್ಯಾಬು ಕುಸಿದು ಬಿತ್ತು. ಕೆಳಗೆ ಸಿಕ್ಕಿ ಸತ್ತವನು ಅವಳ ಗಂಡನೇ. ಕಥೆ ಇಷ್ಟೇ. ಹುಡುಗರಲ್ಲಿ ಕೆಲವರು ಅದನ್ನು ಪುಸ್ತಕದಲ್ಲಿ ಬರೆದುಕೊಳ್ಳುತ್ತಿದ್ದರು. ಅವರಿಂದ ಅದು ಮೇಸ್ತ್ರಿಗಳಿಗೆ ಹೋಯಿತು, ಮೇಸ್ತ್ರಿಗಳಿಂದ ನೀರು ಹಾಕುವ ಹೆಂಗಸರಿಗೆ. 'ಮುನಿವೆಂಕಟಮ್ಮ ಆಗ್ಬೇಡ ಕಣೆ' ಎಂದರೆ ಕಂಪನಿಯ ಯಾವ ಸೈಟಿನಲ್ಲೂ ಬಿಡಿಸಿ ಹೇಳಬೇಕಾಗಿರಲಿಲ್ಲ. ಒಮ್ಮೆ ಘಟ್ಟದ ಕೆಳಗಿನ ಸೈಟಿನಲ್ಲಿ, ಕನ್ನಡವೇ ಬಾರದ ಒಬ್ಬ ಮೇಸ್ತ್ರಿ ಆ ಹೆಸರು ಹಿಡಿದು ಒಬ್ಬಳನ್ನು ಬಯ್ಯುತ್ತಿದ್ದುದನ್ನು ಕೇಳಿ ವೆಂಕಟಾಚಲ ಜೀಪಿನಿಂದ ಇಳಿಯದೆ ಹಾಗೇ ಮುಂದೆ ಹೋಗಿದ್ದ. ಮುಂದಿನ ತಿಂಗಳು ಹೊಸ ಹುಡುಗರು ಬಂದಾಗ ಮತ್ತೆ ಅದೇ ಕಥೆ ಹೇಳಿದ.

ಹಿತ್ತಲ ಬಾಗಿಲು ದಾಟುವಾಗ ಅವನಿಗೆ ಮೊದಲು ಕಂಡದ್ದು ಮುದುಕಿಯಲ್ಲ, ಮನೆಯ ಪಕ್ಕದ ಓಣಿಯ ತುದಿಯಲ್ಲಿ ಗೇಟಿನ ಹೊರಗೆ ನಿಂತಿದ್ದ ಮೂವತ್ತರ ಆಸುಪಾಸಿನ ಒಬ್ಬ ಹೆಂಗಸು. ಬಿಸಿಲಿಗೆ ಸೆರಗು ತಲೆಯ ಮೇಲೆಳೆದುಕೊಂಡು, ಗೇಟಿನ ಸರಳು ಮುಟ್ಟದೆ, ಒಳಗೆ ನೋಡಲೋ ಬೇಡವೋ ಎಂಬಂತೆ ನಿಂತಿದ್ದಳು. ಮುನಿವೆಂಕಟಮ್ಮ ನಲ್ಲಿಯ ಪಕ್ಕದ ಒಗೆಯುವ ಕಲ್ಲಿನ ಅಂಚಿನಲ್ಲಿ ಕೂತಿದ್ದಳು. ಕೂಲಿಯವರು ಬಂದರೆ ಕೂರುತ್ತಿದ್ದ ಜಾಗವೇ ಅದು. ಯಾರೂ ಹೇಳಿಕೊಡದೆ ಅವಳಿಗೆ ಅದು ಗೊತ್ತಾಗಿತ್ತು. ನಲ್ಲಿಯ ಕೆಳಗೆ, ಅವಳ ಪಾದಕ್ಕೆ ಒಂದು ಗೇಣು ದೂರದಲ್ಲಿ, ಒಂದು ಕಾಂಕ್ರೀಟಿನ ಗಟ್ಟಿ. ಆರಿಂಚು ಉದ್ದ, ಆರಿಂಚು ಅಗಲ, ಆರಿಂಚು ಎತ್ತರ. ಈಗ ಮೂಲೆಗಳು ತಿಂದುಹೋಗಿ ನೆತ್ತಿಯಲ್ಲಿ ಹೊಂಡ ಬಿದ್ದಿತ್ತು. ನೀರು ನೆಲಕ್ಕೆ ಬಿದ್ದು ಸಿಡಿಯಬಾರದೆಂದು ಅದನ್ನು ಅಲ್ಲಿಟ್ಟಿದ್ದಾರೆ ಎಂದು ಮನೆಯವರೆಲ್ಲ ತಿಳಿದಿದ್ದರು. ವೆಂಕಟಾಚಲ ಅದರಿಂದ ಕಣ್ಣು ಕಿತ್ತು ಮುದುಕಿಯ ಮುಖಕ್ಕೆ ತಂದ. ಆ ಮುಖವೂ ಸುಲಭದ್ದಾಗಿರಲಿಲ್ಲ.

"ಬಂದ್ರಾ ಸಾಮಿ," ಎಂದು ಅವಳು ಏಳಹೋದಳು. "ಗುರ್ತು ಸಿಕ್ತಾ?"

"ಸಿಕ್ಕದೆ ಏನು. ಕೂತ್ಕೋ."

"ಎಲ್ಲಿ ಬಯ್ದು ಕಳಿಸ್ತೀರೋ ಅಂತ ದಾರೀಲೆಲ್ಲ ಹೆದ್ರಿಕೊಂಡೇ ಬಂದೆ." ಅವಳು ಕಣ್ಣು ಕಿರಿದು ಮಾಡಿ ಅವನನ್ನು ನೋಡಿದಳು. "ದೊಡ್ಡೋರಾಗಿದೀರಿ. ಗಲ್ಲದಲ್ಲಿ ರಕ್ತ ಬತ್ತೈತೆ."

ವಾರಿಜಾ ಗೋಡೆಯ ಗೂಡಿನಲ್ಲಿದ್ದ ಅಲ್ಯೂಮಿನಿಯಂ ಲೋಟಕ್ಕೆ ಮೇಲಿನಿಂದ ಕಾಫಿ ಸುರಿದು ಹೋದಳು. ಮುನಿವೆಂಕಟಮ್ಮ ಲೋಟವನ್ನು ಎರಡೂ ಕೈಯಲ್ಲಿ ಹಿಡಿದುಕೊಂಡಳು, ಕುಡಿಯಲಿಲ್ಲ. ಬೆರಳುಗಳ ಗಿಣ್ಣು ಉಬ್ಬಿತ್ತು. ಆ ಕೈಗಳನ್ನು ಅವನು ಒದ್ದೆಯಾಗಿಯೇ ನೋಡಿದ್ದ; ಐವತ್ತೈದನೇ ಇಸವಿಯ ಬೇಸಿಗೆಯಲ್ಲಿ, ಬೆಳಕು ಹರಿಯುವ ಮೊದಲೇ, ಹಳ್ಳದ ಗುಂಡಿಯಿಂದ ಕೊಡ ತುಂಬಿ, ಏಣಿ ಹತ್ತಿ, ಸ್ಲ್ಯಾಬಿನ ಮೇಲೆ ಹಾಸಿದ್ದ ಗೋಣಿತಾಟಿನ ಮೇಲೆ ಸುರಿಯುತ್ತಿದ್ದ ಕೈಗಳು. ಸುರಿದ ಮೇಲೆ ಗೋಣಿಯ ಒಂದು ತುದಿ ಎತ್ತಿ ಅಡಿಯ ಕಾಂಕ್ರೀಟನ್ನು ಮುಟ್ಟಿ ನೋಡುತ್ತಿದ್ದಳು, ಜ್ವರ ಬಂದ ಮಗುವಿನ ಹಣೆ ಮುಟ್ಟುವ ಹಾಗೆ. ಹಾಗೆ ನೋಡು ಎಂದು ಅವಳಿಗೆ ಯಾರೂ ಹೇಳಿರಲಿಲ್ಲ. ಇವತ್ತು ಕಂಪನಿಯ ನಿಯಮದ ಪುಸ್ತಕದಲ್ಲಿ ಅದು ನಾಲ್ಕನೆಯ ನಿಯಮ, ಬರೆದವನು ವೆಂಕಟಾಚಲ.

"ನಿಮ್ಮ ಕಂಪನಿ ಮನೆಗೆ ನೆನ್ನೆ ತಾರಸಿ ಹಾಕಿದ್ರಂತಲ್ಲ," ಎಂದಳು. "ಅದಕ್ಕೆ ನೀರು ಹಾಕೋ ಕೆಲಸ ನಂಗೆ ಕೊಡ್ಸಿ ಸಾಮಿ. ಕೂಲಿ ಬ್ಯಾಡ. ಇಪ್ಪತ್ತೊಂದು ದಿನಾನೂ ಅಲ್ಲೇ ಬಿದ್ದಿರ್ತೀನಿ. ಒಂದು ದಿನಾನೂ ತಪ್ಸಲ್ಲ."

"ಈ ವಯಸ್ಸಲ್ಲಿ ಯಾಕೆ?"

"ಕಣ್ಣು ಮಂಜಾಗ್ತಾ ಐತೆ. ಇನ್ನೊಂದು ವರ್ಸ ಹೋದ್ರೆ ಏಣಿ ಹತ್ತಕ್ಕಾಗಲ್ಲ. ಸಾಯೋಕೆ ಮುಂಚೆ ಒಂದು ಸಲ ಪೂರ್ತಿ ನೀರು ಹಾಕ್ಬೇಕು. ಅಲ್ಲಿ ಹೋದ್ಮೇಲೆ ನನ್ನ ಗಂಡನ ಮುಖ ನೋಡ್ಬೇಕಲ್ಲ," ಎಂದಳು.

ವೆಂಕಟಾಚಲ ಗೇಟಿನ ಕಡೆ ನೋಡಿ, "ಅಲ್ಲಿ ನಿಂತಿರೋದು ಯಾರು?" ಎಂದು ಕೇಳಿದ.

"ಸೊಣ್ಣಮ್ಮ. ನನ್ನ ಮಗಳು. ದಾರಿ ಕಾಣಲ್ಲ ಅಂತ ಹಿಂದೆ ಬಂದವ್ಳೆ."

"ಬಿಸಿಲಲ್ಲಿ ಯಾಕೆ? ಒಳಗೆ ಕರಿ."

"ನಂಗೂ ಅವಳಿಗೂ ಮಾತಿಲ್ಲ ಸಾಮಿ." ಅದನ್ನು ಅವಳು ಹವಾಮಾನದ ವಿಷಯ ಹೇಳಿದಷ್ಟೇ ನೆಟ್ಟಗೆ ಹೇಳಿದಳು. "ಸುದ್ದಗುಂಟೆಪಾಳ್ಯದಲ್ಲಿ ಅವಳ ಮನೇಲೇ ಇದೀನಿ. ಮುದ್ದೆ ತಂದು ಮುಂದೆ ಇಡ್ತಾಳೆ, ಉಣ್ತೀನಿ. ಹನ್ನೊಂದು ವರ್ಸದಿಂದ ಮಾತಿಲ್ಲ. ಅವಳ ಹೊಟ್ಟೆನೋವಿಗೆ ತಾನೇ ಅವತ್ತು ನಾನು ಓಡಿದ್ದು."

"ಮಗು?"

"ಗಂಡು. ಐತೆ. ಅವರಪ್ಪನ ಜೊತೆ ಸಂತೆಗಿಂತೆಗೆ ಓಡಾಡ್ತದೆ," ಎಂದಳು, ಪಕ್ಕದ ಬೀದಿಯ ಮಗುವಿನ ವಿಷಯ ಹೇಳಿದ ಹಾಗೆ. ಆಮೇಲೆ ಕಾಫಿ ಕುಡಿದಳು. "ನಿಮ್ಮ ಕಂಪನೀಲಿ ನನ್ನ ಹೆಸರು ಹಿಡಿದು ಹೆಣ್ಮಕ್ಕಳಿಗೆ ಬುದ್ಧಿ ಹೇಳ್ತಾರಂತೆ. ಒಳ್ಳೇದೇ ಆಯ್ತು ಬಿಡಿ. ಇನ್ನೊಬ್ಬಳ ಗಂಡ ಉಳೀತಾನೆ."

ಅವನು ನಿಂತಿದ್ದ ಮೆಟ್ಟಿಲು ತಣ್ಣಗಿತ್ತು. ತಣ್ಣನೆಯ ನೆಲವೆಂದರೆ ಅವನಿಗೆ ನೆನಪಾಗುತ್ತಿದ್ದುದು ಆ ಸೇತುವೆಯ ಸೈಟಿನಲ್ಲಿ ಸಿಮೆಂಟು ಇಡುತ್ತಿದ್ದ ಷೆಡ್ಡೇ. ಇಪ್ಪತ್ತಾರು ವಯಸ್ಸು, ಮೊದಲ ಕೆಲಸ, ಸೈಟಿನ ಸೂಪರ್‌ವೈಸರ್ ಎಂಬ ದೊಡ್ಡ ಹೆಸರು. ಹಿಂಗಾರು ಮಳೆಯಲ್ಲಿ ಬಂದಿಳಿದ ಮೂಟೆಗಳನ್ನು ಹಲಗೆ ಹಾಸಿ, ಗೋಡೆಯಿಂದ ಒಂದಡಿ ಬಿಟ್ಟು ಪೇರಿಸಬೇಕು ಎಂಬುದನ್ನು ಓದಿದ್ದ, ಪರೀಕ್ಷೆಯಲ್ಲಿ ಬರೆದಿದ್ದ, ಪೇರಿಸುವ ದಿನ ಮರೆತಿದ್ದ. ಬೇಸಿಗೆಗೆ ಮೂಟೆ ಬಿಚ್ಚಿದರೆ ನೆಲದ ತಂಪು ಹತ್ತಿ ಒಳಗೆ ಗಂಟುಗಂಟು. ಆಗ ಸಿಮೆಂಟು ಸಿಗುತ್ತಿದ್ದುದು ಸರ್ಕಾರದ ಪರ್ಮಿಟ್ಟಿನ ಮೇಲೆ. ಹಾಳಾಯಿತು ಎಂದರೆ ಮತ್ತೆ ಯಾವಾಗ ಸಿಗುತ್ತದೋ ದೇವರಿಗೇ ಗೊತ್ತು, ಮಳೆಗಾಲದೊಳಗೆ ಸೇತುವೆ ಮುಗಿಯುವುದಿಲ್ಲ, ಗಂಗಾಧರಯ್ಯನವರಿಗೆ ಮುಂದಿನ ಕೆಲಸ ಸಿಕ್ಕುವುದಿಲ್ಲ, ಅವನಿಗೆ ಈ ಕೆಲಸವೂ ಉಳಿಯುವುದಿಲ್ಲ. ಯಾರಿಗೂ ಹೇಳಲಿಲ್ಲ. ಗಂಟುಗಳನ್ನು ಮರದ ಕೊಡತಿಯಲ್ಲಿ ಕುಟ್ಟಿಸಿ, ಸೊಳ್ಳೆಪರದೆಯ ಬಟ್ಟೆಯಲ್ಲಿ ಜರಡಿ ಹಿಡಿಸಿದ. ನೋಡಲು ಹೊಸದರ ಹಾಗೇ ಇತ್ತು. ಕಾಂಕ್ರೀಟು ಹಾಕಿದ ದಿನ ಪದ್ಧತಿಯಂತೆ ಗಟ್ಟಿತನದ ಪರೀಕ್ಷೆಗೆಂದು ಅದೇ ಕಲಸಿನಿಂದ ಆರು ಗಟ್ಟಿ ಎರಕ ಹೊಯ್ದು, ಮೊಳೆಯಿಂದ ತಾರೀಕು ಗೀಚಿದ. ಏಳನೆಯ ದಿನ ಎರಡನ್ನು ಪರೀಕ್ಷೆಗೆ ತೆಗೆದುಕೊಂಡು ಹೋದ. ಯಂತ್ರದ ಒತ್ತಡ ಅರ್ಧಕ್ಕೆ ಬರುವಷ್ಟರಲ್ಲಿ ಎರಡೂ ಪುಡಿಯಾದವು. ಅಲ್ಲಿದ್ದ ನೌಕರ ಪುಡಿಯನ್ನು ಗುಡಿಸುತ್ತ, "ಇದೇನ್ ಸಾರ್, ಕಾಂಕ್ರೀಟೋ ಕಡ್ಲೆಹಿಟ್ಟೋ?" ಎಂದು ನಕ್ಕ. ವೆಂಕಟಾಚಲನೂ ನಕ್ಕ. ಚೀಟಿಯನ್ನು ಜೇಬಿಗಿಟ್ಟುಕೊಂಡು ಬಂದು, ಬೇರೆ ಕಡೆಯಿಂದ ಒಂದು ಮೂಟೆ ಹೊಸ ಸಿಮೆಂಟು ತಂದು, ಬೇರೆ ಗಟ್ಟಿ ಮಾಡಿ, ಅವುಗಳ ಮೇಲೆ ಹಳೆಯ ತಾರೀಕು ಗೀಚಿದ. ಮೊದಲಿನ ನಾಲ್ಕು ಉಳಿದಿದ್ದವಲ್ಲ, ಮೂರನ್ನು ಹಳ್ಳಕ್ಕೆ ಎಸೆದ. ನಾಲ್ಕನೆಯದನ್ನು ಎಸೆಯಲು ಕೈ ಬರಲಿಲ್ಲ. ಟವಲಿನಲ್ಲಿ ಸುತ್ತಿ ಸೈಕಲ್ಲಿನ ಕ್ಯಾರಿಯರಿಗೆ ಕಟ್ಟಿಕೊಂಡು ಬಂದ. ವಿಲ್ಸನ್ ಗಾರ್ಡನ್ನಿನ ಬಾಡಿಗೆ ಮನೆಯ ನಲ್ಲಿಯ ಕೆಳಗೆ ಅದು ಕೂತಿತು, ಜಯನಗರಕ್ಕೆ ಬಂದಾಗ ಇಲ್ಲಿಯ ನಲ್ಲಿಯ ಕೆಳಗೆ. ಮನೆ ಬದಲಾಯಿಸುವಾಗ ವಾರಿಜಾ, "ಆ ಕೆಟ್ಟ ಕಲ್ಲನ್ನ ಬಿಟ್ಟು ಬರಬಾರ್ದಾ? ತವರುಮನೆ ಬಳುವಳಿ ಹಾಗೆ ಮಡಿಲಲ್ಲಿಟ್ಕೊಂಡು ಬರ್ತೀರಲ್ಲ," ಎಂದು ಗೇಲಿ ಮಾಡಿದ್ದಳು.

ಹನ್ನೆರಡನೆಯ ದಿನ. ಬೆಳಿಗ್ಗೆ ಮುನಿವೆಂಕಟಮ್ಮ ಓಡುತ್ತ ಬಂದು, ಸುದ್ದಗುಂಟೆಪಾಳ್ಯದಲ್ಲಿ ಮಗಳಿಗೆ ಎರಡು ದಿನದಿಂದ ನೋವು, ಸೂಲಗಿತ್ತಿ ಕೈಚೆಲ್ಲಿದ್ದಾಳೆ ಎಂದು ಅತ್ತಾಗ ಅವನು, "ಹೋಗಿ ಬಾ, ನಾನಿದೀನಿ," ಎಂದಿದ್ದ. ಅವನಿಂದ ಬಂದ ನೆಟ್ಟಗಿನ ಮಾತುಗಳಲ್ಲಿ ಅದೂ ಒಂದು. ಹೇಳಿದ ಹಾಗೆ ಮಾಡಿಯೂ ಮಾಡಿದ. ಬೇರೆಯವರೆಲ್ಲ ಆಚೆ ದಂಡೆಯ ಮಣ್ಣು ಕೆಲಸದಲ್ಲಿದ್ದರು. ಅವನು ಪ್ಯಾಂಟು ಮಡಿಸಿ, ಹಳ್ಳಕ್ಕಿಳಿದು, ಸಂಜೆಯವರೆಗೂ ಕೊಡ ಹೊತ್ತ. ಹೆಗಲ ಚರ್ಮ ಸುಲಿಯಿತು. ಕಾಂಕ್ರೀಟು ಸೊರಗಿದೆ ಎಂದು ಅವನೊಬ್ಬನಿಗೇ ಗೊತ್ತಿತ್ತು, ನೀರಾದರೂ ಅದನ್ನು ಎತ್ತಲಿ ಎಂದು ಹುಚ್ಚನ ಹಾಗೆ ಸುರಿದ. ಆ ಇಪ್ಪತ್ತೊಂದು ದಿನದಲ್ಲಿ ಸ್ಲ್ಯಾಬಿಗೆ ಎಲ್ಲಕ್ಕಿಂತ ಹೆಚ್ಚು ನೀರು ಬಿದ್ದದ್ದು ಅವತ್ತೇ. ಹಾಜರಿ ಪುಸ್ತಕದಲ್ಲಿ ಮಾತ್ರ ಅವಳ ಹೆಸರಿನ ಮುಂದೆ ಆ ದಿನದ ಚೌಕ ಖಾಲಿ ಉಳಿಯಿತು. ಅದರಲ್ಲಿ ತನ್ನ ಹೆಸರು ಬರೆದುಕೊಳ್ಳುವುದು ಅವನಿಗೆ ತೋಚಲಿಲ್ಲ.

ಇಪ್ಪತ್ತೆರಡನೆಯ ದಿನ ಅವಳ ಗಂಡ ಚಿಕ್ಕಬೈರಪ್ಪ ಸೇತುವೆಯ ಅಡಿಯಲ್ಲಿ ಸರ್ವೆ ಕಂಬ ಹಿಡಿದು ನಿಂತು, ಬಾಯಲ್ಲಿದ್ದ ಬೀಡಿ ಕಿವಿಗೆ ಸಿಕ್ಕಿಸಿಕೊಂಡು, "ಬಿಚ್ಚೋಣ್ವಾ ಸಾಮಿ?" ಎಂದು ಕೇಳಿದ್ದ. ಇನ್ನೊಂದು ವಾರ ಇರಲಿ ಎನ್ನುವುದು ವೆಂಕಟಾಚಲನ ನಾಲಿಗೆಯ ತುದಿಯಲ್ಲಿತ್ತು. ಹಾಗಂದರೆ ಯಾಕೆ ಎಂದು ಕೇಳುತ್ತಾರೆ. ಯಾಕೆ ಎಂದರೆ ಷೆಡ್ಡಿನ ನೆಲದ ತನಕ ಮಾತು ಹೋಗುತ್ತದೆ. "ಬಿಚ್ಚು," ಎಂದ. ಸಂಜೆ ಗಂಗಾಧರಯ್ಯನವರು ಬಂದು, ಬಿದ್ದ ರಾಶಿಯಿಂದ ಒಂದು ಚೂರು ಎತ್ತಿ, ಬೆರಳುಗಳ ನಡುವೆ ತಿಕ್ಕಿ, ಉದುರುವುದನ್ನು ನೋಡಿದರು. ಆಮೇಲೆ ವೆಂಕಟಾಚಲನನ್ನು ನೋಡಿದರು. ಕೈ ಒರೆಸಿಕೊಂಡು, "ನೀರು ಸಾಲ್ದೇ ಹೋಯ್ತು ಅಂತ ಕಾಣುತ್ತೆ, ಅಲ್ವೇನಯ್ಯ?" ಎಂದರು. ಅಷ್ಟೇ. ಹನ್ನೊಂದು ವರ್ಷದಲ್ಲಿ ಅವರು ಮತ್ತೆ ಆ ಮಾತೆತ್ತಲಿಲ್ಲ. ಆದರೆ ಮರುತಿಂಗಳಿನಿಂದ ಕಂಪನಿಯ ಎಲ್ಲ ಷೆಡ್ಡುಗಳಲ್ಲೂ ಮೂಟೆಗಳು ಹಲಗೆಯ ಮೇಲೆ ಒಂದಡಿ ಎತ್ತರದಲ್ಲಿ ಕೂತವು. ವಿಚಾರಣೆಗೆ ಬಂದ ಅಧಿಕಾರಿಯ ಮುಂದೆ ವೆಂಕಟಾಚಲ ಒಂದು ಸುಳ್ಳನ್ನೂ ಆಡಲಿಲ್ಲ. ಹಾಜರಿ ಪುಸ್ತಕ ಬಿಚ್ಚಿ, ಖಾಲಿ ಚೌಕದ ಮೇಲೆ ಬೆರಳಿಟ್ಟ. ಅಧಿಕಾರಿ ಮುನಿವೆಂಕಟಮ್ಮನನ್ನು ಕೇಳಿದರು: ಹನ್ನೆರಡನೇ ದಿನ ನೀರು ಹಾಕಿದೆಯಾ? ಗಂಡನ ಮಣ್ಣು ಮುಗಿಸಿ ಬಂದಿದ್ದವಳು, "ಇಲ್ಲ ಸಾಮಿ," ಎಂದಳು. ಸೂಪರ್‌ವೈಸರ್ ಹೋಗು ಎಂದಿದ್ದರು ಎಂದು ಹೇಳಲಿಲ್ಲ. ತನಗೆ ಹೋಗೆಂದವರಿಗೆ ತೊಂದರೆಯಾಗಬಾರದು ಎಂದುಕೊಂಡಳು ಎಂಬುದು ಅವಳ ಮುಖದಲ್ಲೇ ಕಾಣುತ್ತಿತ್ತು. ಅವನು ಬೆರಳು ತೆಗೆಯಲಿಲ್ಲ.

"ಏನಂತೀರಿ ಸಾಮಿ?" ಎಂದಳು ಈಗ ಒಗೆಯುವ ಕಲ್ಲಿನ ಮೇಲಿದ್ದ ಮುನಿವೆಂಕಟಮ್ಮ.

"ಆಯ್ತು," ಎಂದ ವೆಂಕಟಾಚಲ. "ಇವತ್ತಿಂದ್ಲೇ ಬಾ. ನಾನು ಹೇಳಿರ್ತೀನಿ. ಕೂಲೀನೂ ತಗೋ."

ಎಷ್ಟು ಸುಲಭವಾಗಿ ಬಂದುಬಿಟ್ಟಿತು ಆ ಮಾತು. ಮುನಿವೆಂಕಟಮ್ಮ ಬಗ್ಗಿ ಅವನ ಕಾಲ ಮುಂದಿನ ನೆಲ ಮುಟ್ಟಿ ಕಣ್ಣಿಗೊತ್ತಿಕೊಂಡಳು. ಬಾಗಿಲಲ್ಲಿ ನಿಂತು ಕೇಳುತ್ತಿದ್ದ ವಾರಿಜಾ ಅವನ ಹಿಂದೆಯೇ ಒಳಗೆ ಬಂದು, "ಅಷ್ಟೆಲ್ಲಾ ಆದ್ಮೇಲೂ ಅವಳಿಗೆ ಕೆಲಸ ಕೊಟ್ರಲ್ಲ, ನಿಮ್ಮ ಮನಸ್ಸು ದೊಡ್ಡದು ಬಿಡಿ," ಎಂದು ಷರಟು ಎತ್ತಿ ಕೊಟ್ಟಳು. ಅವಳು ಮೆಚ್ಚಿಕೆಯನ್ನು ಸುಮ್ಮಸುಮ್ಮನೆ ಖರ್ಚು ಮಾಡುವವಳಲ್ಲ. ಅವನಿಗೆ ನಾಚಿಕೆಯಾಯಿತು, ನಾಚಿಕೆಯ ಅಡಿಯಲ್ಲಿ ಸ್ವಲ್ಪ ಹಿತವಾಗಿಯೂ ಇತ್ತು, ಅದು ನಾಚಿಕೆಗಿಂತ ಅಸಹ್ಯವಾಗಿತ್ತು. ಇಪ್ಪತ್ತೊಂದು ದಿನ ಅವಳು ನೀರು ಹಾಕುತ್ತಾಳೆ, ಸಮಾಧಾನವಾಗುತ್ತದೆ, ಮುಗಿಯಿತು. ಯಾರಿಗೆ ನಷ್ಟ? ಅವಳು ಕೇಳಿದ್ದೂ ಅದನ್ನೇ. ಕೊನೆಯ ಗುಂಡಿ ಹಾಕುವಾಗ ಬೀದಿಯಲ್ಲಿ ಕಾರಿನ ಹಾರನ್ ಕೇಳಿಸಿತು. ಅವನು ಕಿಟಕಿಯಿಂದ ಹಿತ್ತಲ ಕಡೆ ನೋಡಿದ.

ಮುನಿವೆಂಕಟಮ್ಮ ತಾನು ಕುಡಿದ ಲೋಟವನ್ನು ನಲ್ಲಿಯಲ್ಲಿ ತೊಳೆಯುತ್ತಿದ್ದಳು. ತೊಳೆದು ನಲ್ಲಿ ನಿಲ್ಲಿಸಿದಳು. ಇನ್ನೊಂದು ಲೋಟ ನೀರು ಹಿಡಿದು, ಸುತ್ತ ಒಮ್ಮೆ ನೋಡಿ, ಕೆಳಗಿದ್ದ ಗಟ್ಟಿಯ ಬಿಸಿಲು ಬಿದ್ದು ಒಣಗುತ್ತಿದ್ದ ಪಕ್ಕಕ್ಕೆ ನಿಧಾನವಾಗಿ ಸುರಿದಳು. ಬೇರೇನೂ ಇಲ್ಲ, ಒಣಗುತ್ತಿರುವ ಕಾಂಕ್ರೀಟು ಕಂಡರೆ ಅವಳ ಕೈ ಸುಮ್ಮನಿರುತ್ತಿರಲಿಲ್ಲ, ಅಷ್ಟೆ. ಸುರಿದು, ಅದರ ಮೇಲೆ ಅಂಗೈಯಿಟ್ಟು ನೋಡಿದಳು.

ಅವನು ಹೊರಗೆ ಬಂದದ್ದು ಹೇಗೆಂದು ಅವನಿಗೇ ತಿಳಿಯಲಿಲ್ಲ. ಬಿಳಿ ಷರಟು ತೊಟ್ಟವನು ನಲ್ಲಿಯ ಹತ್ತಿರ, ಅವಳೆದುರು, ಕುಕ್ಕರುಗಾಲಲ್ಲಿ ಕೂತ. ಮುದುಕಿ ಗಾಬರಿಯಾಗಿ ಹಿಂದೆ ಸರಿದಳು.

"ಮುನಿವೆಂಕಟಮ್ಮ, ಅವತ್ತು ನೀರು ತಪ್ಪಿರ್ಲಿಲ್ಲ," ಎಂದ. "ಹನ್ನೆರಡನೇ ದಿನ ನಾನೇ ಹಾಕ್ದೆ. ಹೊತ್ತು ಮುಳುಗೋ ತನಕ ಹಾಕ್ದೆ. ನಾನಿದೀನಿ ಅಂದಿರ್ಲಿಲ್ವಾ ನಿಂಗೆ?"

ಅವಳು ಅವನ ಮುಖ ನೋಡಿದಳು. ಅವಳ ಕಣ್ಣಲ್ಲಿ ನೀರು ಬಂತು, ಆದರೆ ಅವನು ಅಂದುಕೊಂಡ ಕಾರಣಕ್ಕಲ್ಲ. "ನೀವು ದೊಡ್ಡೋರು ಸಾಮಿ," ಎಂದಳು. "ಈ ಮುದ್ಕಿ ಹೊಟ್ಟೆ ತಣ್ಣಗಿರ್ಲಿ ಅಂತ ಹಿಂಗೆ ಹೇಳ್ತಾ ಇದೀರಿ. ಇಂಜಿನಿಯರ್ರು ಕೊಡ ಹೊರ್ತಾರಾ? ನಿಮ್ಮ ಮಕ್ಕಳುಮರಿ ಚೆನ್ನಾಗಿರ್ಲಿ."

ಹರಸಿಬಿಟ್ಟಳು. ಹನ್ನೊಂದು ವರ್ಷ ಹಲ್ಲು ಕಚ್ಚಿ ಹಿಡಿದಿದ್ದ ಮಾತನ್ನು ಕಡೆಗೂ ಆಡಿದರೆ ಅದೂ ಅವನ ದೊಡ್ಡತನದ ಲೆಕ್ಕಕ್ಕೇ ಹೋಯಿತು. ಇಲ್ಲಿಗೇ ನಿಲ್ಲಿಸಿದರೆ ಹೇಳಿದ ಹಾಗೂ ಆಯಿತು, ಏನೂ ಆಗದ ಹಾಗೂ ಆಯಿತು. ಆ ಯೋಚನೆ ಬಂತಲ್ಲ ಎಂದು ಅವನಿಗೆ ತನ್ನ ಮೇಲೆಯೇ ಹೇಸಿಗೆಯಾಯಿತು. ಎರಡೂ ಕೈ ಹಾಕಿ ಗಟ್ಟಿಯನ್ನು ನೆಲದಿಂದ ಕಿತ್ತ. ಅಡಿಯಲ್ಲಿ ಎರೆಹುಳುಗಳಿದ್ದವು. ಪಾಚಿ ಒರೆಸಿ, ತಳ ಮೇಲೆ ಮಾಡಿ ತೋರಿಸಿದ; ಮೊಳೆಯಿಂದ ಗೀಚಿದ ತಾರೀಕು ಇನ್ನೂ ಅರ್ಧ ಉಳಿದಿತ್ತು. ಷರಟಿನ ಮುಂಭಾಗವೆಲ್ಲ ಕೆಸರಾಯಿತು.

"ಇದು ಆ ಸೇತುವೆದು. ಅದೇ ದಿನದ್ದು, ಅದೇ ಕಲಸಿಂದು. ಅವತ್ತಿಂದ ನಮ್ಮನೆ ನಲ್ಲಿ ಕೆಳಗೇ ಇದೆ. ಒಂದು ದಿನಾನೂ ನೀರು ತಪ್ಪಿಲ್ಲ ಇದಕ್ಕೆ. ನೋಡು."

ಅವಳಿಗೆ ತಾರೀಕು ಓದಲು ಬರುತ್ತಿರಲಿಲ್ಲ. ಗಟ್ಟಿಯನ್ನು ಮಡಿಲಿಗೆ ತೆಗೆದುಕೊಂಡಳು. ಮೊದಲು ಗಿಣ್ಣಿನಿಂದ ತಟ್ಟಿ, ಕಿವಿ ಹತ್ತಿರ ತಂದು ಕೇಳಿದಳು. ಇನ್ನೊಂದು ಪಕ್ಕ ತಟ್ಟಿದಳು. ಆಮೇಲೆ ಹೆಬ್ಬೆರಳಿನ ಉಗುರನ್ನು ಮೂಲೆಗೆ ಒತ್ತಿದಳು. ಉಗುರು ಒಳಗಿಳಿಯಿತು. ಒಂದು ಹಿಡಿಯಷ್ಟು ಕಳಚಿ ಅವಳ ಅಂಗೈಗೆ ಬಿತ್ತು, ಜಲ್ಲಿಕಲ್ಲು ಬೇರೆ, ಮರಳು ಬೇರೆ. ಅದನ್ನು ಬೆರಳುಗಳ ನಡುವೆ ತಿಕ್ಕಿ ಉದುರಿಸಿದಳು. ವೆಂಕಟಾಚಲ ಇದನ್ನು ಒಮ್ಮೆ ನೋಡಿದ್ದ.

"ನೀರಲ್ಲೇ ಇತ್ತಾ ಇದು?"

"ನೀರಲ್ಲೇ."

"ಹನ್ನೊಂದು ವರ್ಸ?"

"ಹೂಂ."

"ಅಂಗಾದ್ರೆ ಇದು ನೀರಿನ ತಪ್ಪಲ್ಲ," ಎಂದಳು, ಅವನಿಗಲ್ಲ, ಗಟ್ಟಿಗೆ.

"ಸಿಮೆಂಟು ಕೆಟ್ಟಿತ್ತು. ಕೆಡಿಸಿದ್ದು ನಾನು. ನಂಗೆ ಗೊತ್ತಿತ್ತು."

ಬಾಗಿಲಲ್ಲಿ ವಾರಿಜಾ ನಿಂತಿದ್ದಳು. ಅವಳ ಮುಖ ನೋಡುವ ಧೈರ್ಯ ಅವನಿಗಾಗಲಿಲ್ಲ. ಮುದುಕಿ ಉಗಿಯುತ್ತಾಳೆ, ಮಣ್ಣು ತೂರುತ್ತಾಳೆ, ಬೀದಿಗೆ ಕೇಳುವ ಹಾಗೆ ಬಾಯಿ ಬಡಿದುಕೊಳ್ಳುತ್ತಾಳೆ ಎಂದು ಅವನು ಕಾದ; ಅಷ್ಟಾದರೂ ಆಗಲಿ ಎಂದು ಬೇಡಿಕೊಂಡ. ಅವಳು ಅಂಗೈಗೆ ಅಂಟಿ ಉಳಿದಿದ್ದ ಮರಳನ್ನು ಹೆಬ್ಬೆರಳಿಂದ ಒರೆಸಿದಳು.

"ಬಿಚ್ಚೋಣ್ವಾ ಅಂತ ಅವನು ಕೇಳಿದ್ನಾ?"

"ಕೇಳ್ದ."

"ನೀವೇನಂದ್ರಿ?"

"ಬಿಚ್ಚು ಅಂದೆ."

ತಲೆಯಾಡಿಸಿದಳು. ಕೆಲಸದ ವಿಷಯ ಏನೋ ಒಂದು ತಿಳಿದುಕೊಳ್ಳಬೇಕಾಗಿತ್ತು, ತಿಳಿದುಕೊಂಡಳು ಎಂಬಂತೆ. ಗಟ್ಟಿಯನ್ನು ಎತ್ತಿ ಅವನ ಕೈಗೆ ವಾಪಸ್ಸು ಕೊಟ್ಟಳು. ಮಡಿಲು ಕೊಡವಿಕೊಳ್ಳಲಿಲ್ಲ. ಅವಳು ಅವನ ಕಡೆ ನೋಡುತ್ತಿರಲಿಲ್ಲ. ಮಂಜುಗಣ್ಣು ಕಿರಿದು ಮಾಡಿಕೊಂಡು ಓಣಿಯ ತುದಿಯ ಗೇಟಿನ ಕಡೆ, ಅಲ್ಲಿ ಬಿಸಿಲಲ್ಲಿ ನಿಂತಿದ್ದ ಆಕಾರದ ಕಡೆ ನೋಡುತ್ತಿದ್ದಳು. ಹನ್ನೊಂದು ವರ್ಷ ಮುದ್ದೆ ತಂದು ಮುಂದಿಟ್ಟ ಕೈಗಳು ಅಲ್ಲಿ ಸೆರಗಿನ ತುದಿ ಹಿಡಿದು ನಿಂತಿದ್ದವು. ವೆಂಕಟಾಚಲನಿಗೆ ತಾನು ಮಾಡಿದ್ದೇನು ಎಂಬುದು ಆಗ ಪೂರ್ತಿ ಕಂಡಿತು. ಚಿಕ್ಕಬೈರಪ್ಪನ ಲೆಕ್ಕ ಅವನು ದಿನಾ ಮನಸ್ಸಿನಲ್ಲಿ ಇಟ್ಟುಕೊಂಡಿದ್ದ. ತಾಯಿ ಮಗಳ ನಡುವಿನ ಈ ಹನ್ನೊಂದು ವರ್ಷ ಅವನ ಲೆಕ್ಕದಲ್ಲೇ ಇರಲಿಲ್ಲ.

"ಅವಳಿಗೆ ಹೇಳ್ಬೇಕಲ್ಲ," ಎಂದಳು ಮುನಿವೆಂಕಟಮ್ಮ. ಏಳಹೋಗಿ ಮತ್ತೆ ಕೂತಳು. ಆಮೇಲೆ, "ನೀವೇ ಹೋಗಿ ಹೇಳಿ ಸಾಮಿ. ನಂಗೆ ಅವಳ ಜೊತೆ ಮಾತಾಡಿ ಅಭ್ಯಾಸ ಇಲ್ಲ," ಎಂದಳು.

ಅವನು ಎದ್ದ. ಗಟ್ಟಿಯನ್ನು ಎದೆಗೊತ್ತಿ ಹಿಡಿದುಕೊಂಡು ಓಣಿಯಲ್ಲಿ ನಡೆದ. ಅದರಿಂದ ನೀರು ಸೋರಿ ಮೊಣಕೈಯಿಂದ ತೊಟ್ಟಿಕ್ಕುತ್ತಿತ್ತು. ಬೀದಿಯಲ್ಲಿ ಡ್ರೈವರು ಅವನನ್ನು ಕಂಡು ಕಾರಿನ ಬಾಗಿಲು ತೆರೆದು ನಿಂತ. ನಾಲ್ಕನೇ ಬ್ಲಾಕಿನಲ್ಲಿ ಗಂಗಾಧರಯ್ಯನವರು ಗಡಿಯಾರ ನೋಡಿಕೊಳ್ಳುತ್ತಿರಬೇಕು. ಸಾಹೇಬರು ಕಾರಿಗೆ ಹೋಗುತ್ತಿದ್ದಾರೆಂದು ಸೊಣ್ಣಮ್ಮ ಗೇಟಿನಿಂದ ಪಕ್ಕಕ್ಕೆ ಸರಿದು, ದಾರಿ ಬಿಟ್ಟು, ಕೈ ಮುಗಿದಳು. ಅವನು ಕಾರಿನ ಕಡೆ ಹೋಗಲಿಲ್ಲ. ಅವಳ ಮುಂದೆ ನಿಂತ.

"ನಿಮ್ಮಮ್ಮ ನಿಂಗೊಂದು ಮಾತು ಹೇಳಿ ಕಳಿಸಿದಾಳೆ," ಎಂದ.

ಸೊಣ್ಣಮ್ಮನ ಮುಗಿದ ಕೈ ಹಾಗೇ ಇತ್ತು. ಅವಳು ಅವನನ್ನು ನೋಡಿದಳು, ಅವನ ಹೆಗಲಾಚೆ ಹಿತ್ತಲ ಕಡೆ ನೋಡಿದಳು, ಮತ್ತೆ ಅವನನ್ನು ನೋಡಿದಳು.

"ಅಮ್ಮನಾ?" ಎಂದಳು. "ನಂಗಾ?"